ಕಣ್ಣೊರಸದ ಗುಡ್ಡ

ಕಾಳಿ ಹೊಳೆ ಸಮುದ್ರ ಸೇರುವ ಮುಂಚೆ ಒಂದು ಕಡೆ ದೊಡ್ಡದಾಗಿ ಹೊರಳುತ್ತದೆ. ಆ ಹೊರಳಿನ ಮೇಲೆ ನಿಂತಿರುವ ಬೋಳು ಗುಡ್ಡಕ್ಕೆ ಕಣ್ಣೊರಸದ ಗುಡ್ಡ ಎಂದು ಹೆಸರು. ಸುತ್ತಲಿನ ಗುಡ್ಡಗಳ ಮೈತುಂಬ ಮತ್ತಿ, ಕಿಂದಳ, ಹೊನ್ನೆ ಬೆಳೆದು ನಿಂತಿದ್ದರೂ ಇದೊಂದರ ನೆತ್ತಿ ಮಾತ್ರ ಮುಡಿ ಕೊಟ್ಟ ತಲೆಯ ಹಾಗೆ ನುಣ್ಣಗಿದೆ. ಮೇಲೆ ಹತ್ತಿದರೆ ಜಂಬಿಟ್ಟಿಗೆ ಕಲ್ಲಿನ ನಡುವೆ ದುಂಡನೆಯ ಒಂದು ತಗ್ಗು ಕಾಣುತ್ತದೆ. ಬಂದವರು ಅದನ್ನು ಬತ್ತಿದ ಕೆರೆ ಎಂದುಕೊಳ್ಳುತ್ತಾರೆ. ಅದು ಕೆರೆಯಲ್ಲ, ಒಂದು ಮರದ ಬುಡವಿದ್ದ ಜಾಗ. ಹೆಸರಿನ ವಿಷಯದಲ್ಲೂ ಜನ ಬಾಯಿಗೆ ಬಂದದ್ದು ಹೇಳುತ್ತಾರೆ. ಗಾಳಿಗೆ ಕಣ್ಣಲ್ಲಿ ನೀರು ಬರುವುದರಿಂದ ಆ ಹೆಸರು ಎಂದು ಒಬ್ಬರು, ಯಾರೋ ರಾಣಿ ಇಲ್ಲಿ ಕೂತು ಅತ್ತಳು ಎಂದು ಇನ್ನೊಬ್ಬರು. ರಾಣಿಗೆ ಅಳುವುದಕ್ಕೆ ಅರಮನೆಯಲ್ಲಿ ಜಾಗ ಇರಲಿಲ್ಲವೇ? ಸರಿಯಾದ ಕತೆ ಗೊತ್ತಿರುವವನು ಹೊಳೆಯ ಎರಡೂ ದಡದಲ್ಲಿ ಈಗ ನಾನೊಬ್ಬನೇ. ಪ್ರಾಯದಲ್ಲಿ ಎರಡು ಹೆಗಲ ಮೇಲೆ ಎರಡು ಮೂಟೆ ಉಪ್ಪು ಹೊತ್ತು ಇದೇ ಗುಡ್ಡ ದಾಟುತ್ತಿದ್ದೆ. ಮುಂದೆ ಹುಲಿ ನಡೆಯುತ್ತಿದ್ದರೆ ದಾರಿ ಬಿಡು ಎಂದು ಗದರಿಸುತ್ತಿದ್ದೆ, ಬಿಡುತ್ತಿತ್ತು. ಹುಲಿಯೇ ಕೇಳಿದ ಮಾತನ್ನು ಕೇಳಲು ನಿಮಗೇನು ಕಷ್ಟ.

ಹಿಂದೆ ಒಮ್ಮೆ ಈ ಗುಡ್ಡದ ತುಂಬ ಹುಡಿಮರಗಳಿದ್ದವು ಎನ್ನುತ್ತಾರೆ. ಇವತ್ತಿನವರು ಆ ಮರದ ಹೆಸರನ್ನೂ ಕೇಳಿಲ್ಲ. ಅದರ ತಿರುಳಿನಲ್ಲಿ ಉದ್ದುದ್ದ ಬಿರುಕುಗಳಿರುತ್ತಿದ್ದವು, ಆ ಬಿರುಕಿನೊಳಗೆ ಕಡಲೆಹಿಟ್ಟಿನಂಥ ಹಳದಿ ಹುಡಿ ತುಂಬಿಕೊಂಡಿರುತ್ತಿತ್ತು. ಮರ ಬದುಕಿರುವಾಗ ಅದನ್ನು ತೆಗೆಯುವ ಉಪಾಯ ಯಾರಿಗೂ ತಿಳಿದಿರಲಿಲ್ಲ. ಕಡಿದು ಕೆಡವಬೇಕು, ತುಂಡು ಮಾಡಬೇಕು, ಸೀಳಬೇಕು, ಆಮೇಲೆ ಬಿರುಕನ್ನು ಕೆರೆಯಬೇಕು. ಎಳೆಯ ಮರದಲ್ಲಿ ಹುಡಿ ಇಲ್ಲ, ಮುದಿ ಮರದಲ್ಲೂ ಇದ್ದರೆ ಇತ್ತು, ಇಲ್ಲದಿದ್ದರೆ ಕಡಿದದ್ದೇ ಬಂತು. ಆ ಹಳದಿ ಹುಡಿಗೆ ಗಾಳಿ ತಾಗಿತೆಂದರೆ ಬಣ್ಣ ಮೆಲ್ಲಗೆ ಕಂದುತ್ತ ಕಂದುತ್ತ ಸಂಜೆಯೊಳಗೆ ಒಣಗಿದ ಮುರುಗಲ ಸಿಪ್ಪೆಯ ಹಾಗೆ ಕಪ್ಪುಗೆಂಪಾಗಿಬಿಡುತ್ತಿತ್ತು. ಅದನ್ನು ತೆಂಗಿನೆಣ್ಣೆಯಲ್ಲಿ ಕಲಸಿ ಹಚ್ಚಿದರೆ ಹುಳುಕಡ್ಡಿ, ಗಜಕರ್ಣ, ಯಾವ ಚರ್ಮದ ಕಾಯಿಲೆಯಾದರೂ ಬುಡಸಮೇತ ಸುಟ್ಟುಹೋಗುತ್ತಿತ್ತು.

ಗುಡ್ಡದ ಕೆಳಗಿನ ಬೈಲಕೇರಿಯ ಜನ ತಲೆತಲಾಂತರದಿಂದ ಹುಡಿ ತೆಗೆಯುವ ಕೆಲಸದವರು. ಅವರಿಗೆ ಒಂದೇ ಕಟ್ಟಳೆ. ಹುಡಿ ಮುಟ್ಟಿದ ಕೈ ಕಣ್ಣಿಗೆ ಹೋಗಬಾರದು. ಹೋದರೆ ಕಣ್ಣು ಬಾತು, ಕೀವಾಗಿ, ದೃಷ್ಟಿಯೇ ಇಂಗಿಹೋಗುತ್ತದೆ. ನೀರಲ್ಲಿ ತೊಳೆದರೆ ಹುಡಿ ಬಿಡುವುದಿಲ್ಲ, ಎಣ್ಣೆ ಹಚ್ಚಿ ಸೀಗೆಯಲ್ಲಿ ಚೆನ್ನಾಗಿ ತಿಕ್ಕಬೇಕು. ಮರ ಸೀಳುವವರು ಮುಖಕ್ಕೆ ಬಟ್ಟೆ ಸುತ್ತಿ, ಕಣ್ಣಿನ ಹತ್ತಿರ ಸಣ್ಣ ಸಂದು ಬಿಟ್ಟುಕೊಂಡು ದುಡಿಯುತ್ತಿದ್ದರು. ಬೆವರು ಇಳಿಯಲಿ, ಸೊಳ್ಳೆ ಕೂರಲಿ, ಕೈ ಮೇಲೆ ಏಳುತ್ತಿರಲಿಲ್ಲ. ಅಲ್ಲಿನ ಮಕ್ಕಳು ತುತ್ತು ಮಾಡಿ ಉಣ್ಣುವುದಕ್ಕಿಂತ ಮುಂಚೆ ಕಣ್ಣು ಮುಟ್ಟದೆ ಅಳುವುದನ್ನು ಕಲಿಯುತ್ತಿದ್ದವು. ಆಮೇಲೆ ಸಮುದ್ರದ ಕಡೆಯಿಂದ ಹಡಗಿನವರು ಬಂದು ಹುಡಿಗೆ ಬದಲು ಬಟ್ಟೆ, ಕಬ್ಬಿಣ, ಸಾರಾಯಿ ಕೊಡತೊಡಗಿದರು. ದೂರ ದೇಶದ ದೊರೆಗಳಿಗೂ ಮೈ ತುರಿಸುತ್ತದೆ ಎಂದು ನಮ್ಮವರಿಗೆ ಗೊತ್ತಾದದ್ದು ಆಗಲೇ. ಹುಡಿ ಹೋಯಿತು, ಹುಡಿಯ ಜೊತೆ ಮರವೂ ಹೋಯಿತು. ಗುಡ್ಡದ ನೆತ್ತಿಯ ಮೇಲೆ ಎಲ್ಲಕ್ಕಿಂತ ಹಳೆಯ ಒಂದು ಮರ ಮಾತ್ರ ಉಳಿಯಿತು. ಅದನ್ನು ಕಡಿಯುವ ಧೈರ್ಯ ಯಾರಿಗೂ ಆಗಲಿಲ್ಲ. ಗಬ್ಬದ ಎಮ್ಮೆಯೊಂದು ಅದರ ಬುಡ ಸುತ್ತಲು ಹೊರಟು, ಹೊರಟ ಜಾಗಕ್ಕೆ ಮರಳಿ ಬರುವಷ್ಟರಲ್ಲಿ ಈದು, ಕರುವಿಗೆ ಹಾಲು ಕುಡಿಸುತ್ತಿತ್ತಂತೆ. ಮರ ಅಷ್ಟು ದಪ್ಪ.

ಆ ಕಾಲದಲ್ಲಿ ಬೈಲಕೇರಿಯಲ್ಲಿ ಹಮ್ಮು ಎಂಬವನೂ ಅವನ ಹೆಂಡತಿ ಬೀರಿಯೂ ಇದ್ದರು. ಅವರಿಗೆ ಸೋಮಿ ಎಂದು ಒಬ್ಬಳೇ ಮಗಳು, ಹಲ್ಲು ಬಿದ್ದು ಹುಟ್ಟುವ ಪ್ರಾಯ. ಒಂದು ಬೇಸಿಗೆಯಲ್ಲಿ ಅವಳ ಬೆನ್ನ ಮೇಲೆ ಬಿಲ್ಲೆಯಂಥ ಕಲೆ ಎದ್ದಿತು. ಉಂಗುರದ ಹಾಗೆ ಅಗಲವಾಗುತ್ತ ಕುತ್ತಿಗೆ, ತೋಳು, ತಲೆ ಎಲ್ಲ ತುಂಬಿಕೊಂಡಿತು. ಕೇರಿಯ ಮಕ್ಕಳು ದೂರ ನಿಂತು "ಏ ಚಿರತೆ, ಕಾಡಿಗೆ ಹೋಗೂದಿಲ್ವೇನೇ" ಎಂದು ಕೂಗಿದರೆ ಅವಳು "ಹತ್ರ ಬಾ, ಕಚ್ತೆ" ಎನ್ನುತ್ತಿದ್ದಳು. ಆದರೆ ಊರಿನ ನಿಯಮ ಮಕ್ಕಳ ಮಾತಿನಷ್ಟು ಹಗುರವಾಗಿರಲಿಲ್ಲ. ಮೈಯಲ್ಲಿ ಕಲೆ ಎದ್ದು ಮಳೆಗಾಲದೊಳಗೆ ಮಾಯದವರನ್ನು ಹೊಳೆಯ ನಡುವಿನ ಕುರ್ವೆಗೆ ಒಯ್ದು ಬಿಡುತ್ತಿದ್ದರು. ನೀರಿನ ನಡುವೆ ಎದ್ದ ದಿಬ್ಬಕ್ಕೆ ನಮ್ಮ ಕಡೆ ಕುರ್ವೆ ಎನ್ನುತ್ತಾರೆ. ಮಳೆ ಹಿಡಿದರೆ ಅಲ್ಲಿಗೆ ದೋಣಿ ಹೋಗದು. ಮಳೆ ಬಿಟ್ಟ ಮೇಲೆ ಹೋಗಿ ನೋಡಿದವರು ಅಲ್ಲಿ ಕಂಡದ್ದನ್ನು ಊರಲ್ಲಿ ಹೇಳುತ್ತಿರಲಿಲ್ಲ.

ಊರಿನ ಹಿರಿಯ ಬಲಿಯಗೌಡ ಒಂದು ದಿನ ಹಮ್ಮುವಿನ ಅಂಗಳಕ್ಕೆ ಬಂದ. "ನಿನ್ನ ಮಗಳನ್ನ ಎತ್ತಿ ಆಡಿಸಿದವ ನಾನು, ಹಮ್ಮು. ಆದ್ರೆ ಕೇರಿಯಲ್ಲಿ ಬೇರೆ ಮಕ್ಕಳೂ ಇದ್ದಾವಲ್ಲ. ಮೊದಲ ಮಳೆ ಬೀಳೂವರೆಗೆ ನೋಡ್ತೆ."

"ಮಳೆ ಬಿದ್ದ ಮೇಲೆ ಕುರ್ವೆಗೆ ಅನ್ನ ಯಾರು ಒಯ್ತಾರೆ ಗೌಡ್ರೇ?"

ಗೌಡ ಎಲೆಗೆ ಸುಣ್ಣ ಹಚ್ಚುತ್ತ ಕೂತ. ಆಮೇಲೆ ಆ ಎಲೆಯನ್ನು ತಿನ್ನದೆ ಅಲ್ಲೇ ಇಟ್ಟು ಎದ್ದುಹೋದ.

ಊರಲ್ಲಿ ಚಿಟಿಕೆ ಹುಡಿ ಇರಲಿಲ್ಲ, ಎಲ್ಲವೂ ಹಡಗು ಹತ್ತಿ ಹೋಗಿತ್ತು. ಹಮ್ಮು ಕೊಡಲಿ ಹೆಗಲಿಗೇರಿಸಿ ನೆತ್ತಿಯ ಮರದ ಹತ್ತಿರ ಹೋದ. ದಾರಿಯಲ್ಲಿ ನನ್ನ ಮುತ್ತಜ್ಜನ ಅಜ್ಜ ಕುಪ್ಪು ಸಿಕ್ಕಿ, "ಆ ಮರಕ್ಕೆ ಈ ಕೊಡ್ಲಿಯಾ? ಅದರ ಹಲ್ಲು ಕುತ್ತೂಕೂ ಸಾಲೂದಿಲ್ಲ ಮಾರಾಯಾ" ಎಂದು ನಗಾಡಿದ. ಹಮ್ಮು ನಗಲಿಲ್ಲ. ಕುಪ್ಪುವೂ ಆಮೇಲೆ ನಗಲಿಲ್ಲ, ತನ್ನ ಕೊಡಲಿ ತಂದು ಇನ್ನೊಂದು ಕಡೆಯಿಂದ ಕಡಿಯತೊಡಗಿದ. ನಮ್ಮ ಮನೆತನದ ತೋಳಿನ ಬಲ ಗೊತ್ತಿಲ್ಲದವರಿಗೆ ಹೇಳುತ್ತೇನೆ, ಅವನು ಒಂದು ಏಟು ಹಾಕಿದರೆ ಹಾರಿದ ಚಕ್ಕೆ ಹೊಳೆ ದಾಟಿ ಬೀಳುತ್ತಿತ್ತು, ಆಚೆ ದಡದವರು ಅದರಿಂದ ಬಾಗಿಲು ಮಾಡಿಸಿಕೊಂಡರು. ಮರ ಬಿದ್ದ ದಿನ ಕಾಳಿ ಹೊಳೆ ಹೆದರಿ ಒಂದಿಷ್ಟು ಹೊತ್ತು ಮೇಲಕ್ಕೆ ಹರಿಯಿತು. ಗದ್ದೆಯಲ್ಲಿ ಬಿದ್ದ ಮೀನನ್ನು ಜನ ಬುಟ್ಟಿಯಲ್ಲಿ ತುಂಬಿಕೊಂಡರು. ಊರಿಗೆ ಊರೇ ಮೀನು ಉಂಡ ಆ ದಿನ ಹಮ್ಮು ಮಾತ್ರ ಮರ ಸೀಳುತ್ತಿದ್ದ.

ತುದಿಯಿಂದ ಶುರು ಮಾಡಿದರೆ ಮೊದಲ ತುಂಡಿನಲ್ಲಿ ಏನೂ ಇಲ್ಲ. ಎರಡನೆಯದರಲ್ಲೂ ಇಲ್ಲ. ತಿರುಳು ಕಲ್ಲಿನ ಹಾಗೆ ಗಟ್ಟಿಯಾಗಿತ್ತು, ಕೂದಲು ಹೋಗುವಷ್ಟೂ ಬಿರುಕಿರಲಿಲ್ಲ. ಬೀರಿ ಅರಿಶಿನದ ನೀರಲ್ಲಿ ಅದ್ದಿದ ತನ್ನ ಹಳೆಯ ಸೀರೆಯ ತುಂಡೊಂದನ್ನು ಅವನ ಮುಖಕ್ಕೆ ಕಟ್ಟಿ, ಮಗಳನ್ನು ಗಾಳಿಗೆ ಎದುರಾಗದ ಕಡೆ ಕೂರಿಸಿಕೊಂಡು ಕಾಯುತ್ತಿದ್ದಳು. ಪಶ್ಚಿಮದಲ್ಲಿ ಮೋಡ ಕಟ್ಟತೊಡಗಿತ್ತು. ಕಾಂಡವೆಲ್ಲ ಸೀಳಿ ಮುಗಿದು, ನೆಲಕ್ಕೆ ತಾಗಿದ ಬುಡ ಮಾತ್ರ ಉಳಿದಾಗ, ಅದರೊಳಗೆ ಒಂದೇ ಒಂದು ಬಿರುಕು ಸಿಕ್ಕಿತು. ಹಮ್ಮು ಕೆರೆದು ತೆಗೆದದ್ದು ಒಂದು ಗೆರಟೆ ತುಂಬ ಹುಡಿ. ಮಗಳ ಮೈಗೆ ಅಷ್ಟು ಸಾಕು. ಮುಖದ ಬಟ್ಟೆ ಬಿಚ್ಚಿ, ಆಮೇಲೆ ಸುಡೋಣ ಎಂದು ಪಕ್ಕದ ಪೊದೆಯ ಮೇಲೆ ಹಾಕಿ, ಎಣ್ಣೆ ಸೀಗೆ ತೆಗೆದುಕೊಂಡು ಕೈ ತೊಳೆಯಲು ಹಳ್ಳಕ್ಕೆ ಇಳಿದ.

ಬೀರಿ ಹುಡಿಯನ್ನು ಎಣ್ಣೆಯಲ್ಲಿ ಕಲಸಿದಳು. ಕಟ್ಟಳೆಯಂತೆ ಮಗಳ ಕೈಗಳನ್ನು ನಾರಿನಲ್ಲಿ ಮೆತ್ತಗೆ ಹಿಂದಕ್ಕೆ ಕಟ್ಟಿದಳು. ಬಾಳೆಲೆಯ ತುಂಡಿನಿಂದ ಬೆನ್ನು, ತೋಳು, ತಲೆಗೆಲ್ಲ ಹಚ್ಚಿದಳು. ಔಷಧಿ ಕೆಂಡದ ಹಾಗೆ ಉರಿಯುತ್ತದೆ. ಸೋಮಿ ಹಲ್ಲು ಕಚ್ಚಿ ತಡೆದಳು, ಆಮೇಲೆ ತಡೆಯಲಾಗಲಿಲ್ಲ.

"ಅವ್ವೆ, ಕಣ್ಣಲ್ಲಿ ನೀರು ಬರ್ತು. ಒರಸೇ."

"ಕೈ ಮುಟ್ಟೂಕಾಗ ಮಗಾ. ಗೊತ್ತಿಲ್ವಾ ನಿಂಗೆ?"

"ಕೈ ಬೇಡ. ಎಂತದರಲ್ಲಾದ್ರೂ ಒರಸು. ಮೂಗಿನೊಳಗೆಲ್ಲ ಇಳೀತು."

ಬೀರಿ ತನ್ನ ಕೈ ನೋಡಿಕೊಂಡಳು, ಅದರಲ್ಲಿ ಎಣ್ಣೆಹುಡಿ ಇತ್ತು. ಉಟ್ಟ ಸೀರೆಯ ಸೆರಗಿಗೂ ಔಷಧಿ ತಾಗಿತ್ತು. ಪೊದೆಯ ಮೇಲಿನ ಬಟ್ಟೆ ಮಾತ್ರ ಅರಿಶಿನದ ಬಣ್ಣದಲ್ಲಿ ಒಗೆದು ಹಾಕಿದ ಹಾಗೆ ಕಂಡಿತು. ಹೊರಮೈ ಹುಡಿಗೆ ತಾಗಿದ್ದು, ಒಳಮೈ ಗಂಡನ ಮುಖಕ್ಕೆ ತಾಗಿದ್ದು, ಅದು ಶುದ್ಧ ಎಂದು ಲೆಕ್ಕ ಹಾಕಿದಳು. ಎಣ್ಣೆ ತಾಗದ ಎರಡು ಬೆರಳಿನ ತುದಿಯಿಂದ ಎತ್ತಿ, ಒಳಮೈ ಎಂದು ಅವಳಿಗೆ ತೋರಿದ ಕಡೆ ಮೇಲೆ ಬರುವಂತೆ ಮಡಚಿ, ಮಗಳ ಎರಡೂ ಕಣ್ಣುಗಳನ್ನು ಬಹಳ ಪ್ರೀತಿಯಿಂದ ಒರಸಿದಳು. ಬಿಚ್ಚುವಾಗ ಬಟ್ಟೆ ಮಗುಚಿತ್ತೋ, ಪೊದೆಯ ಮೇಲೆ ಗಾಳಿ ತಿರುವಿತ್ತೋ, ಹುಡಿ ನೂಲಿನೊಳಗಿಂದಲೇ ಇಳಿದಿತ್ತೋ, ಯಾರಿಗೆ ಗೊತ್ತು. ಹಳದಿ ಬಟ್ಟೆಯ ಮೇಲೆ ಹಳದಿ ಹುಡಿ ಕಾಣುವುದು ಹೇಗೆ?

ಹಮ್ಮು ಮರಳಿ ಬರುವಾಗ ಮಗಳ ಕಿರುಚಾಟ ಕೇಳಿತು. ಔಷಧಿಯ ಉರಿ ಎಂದುಕೊಂಡ. ಬೀರಿಯ ಕೈಯಲ್ಲಿದ್ದ ಬಟ್ಟೆ ನೋಡಿದ. ಅದು ಅಷ್ಟು ಹೊತ್ತಿಗೆ ಮುರುಗಲ ಬಣ್ಣಕ್ಕೆ ತಿರುಗುತ್ತಿತ್ತು.

"ಇದರಲ್ಲಿ ಎಂತ ಮಾಡ್ದೆ?"

"ಒಳಬದಿಯಿಂದ ಒರ್ಸಿದೆ. ಹೊರಬದಿ ಮುಟ್ಟಲೇ ಇಲ್ಲ."

ಹಮ್ಮು ಬಟ್ಟೆ ಬಿಡಿಸಿ ಅವಳ ಮುಂದೆ ಹಿಡಿದ. ಎರಡೂ ಬದಿ ಒಂದೇ ಬಣ್ಣವಾಗಿತ್ತು. ಅವನು ಬೈಯಲಿಲ್ಲ, ಬೈದಿದ್ದರೆ ಚೆನ್ನಾಗಿತ್ತು ಎಂದು ಬೀರಿ ಆಮೇಲೆ ಹೇಳುತ್ತಿದ್ದಳಂತೆ.

ಎಣ್ಣೆ ಬಿಟ್ಟರು, ಎದೆಹಾಲು ತಂದು ಬಿಟ್ಟರು, ನಂದಬಟ್ಟಲ ಹೂವಿನ ರಸ ಬಿಟ್ಟರು. ಕಣ್ಣು ಬಾತು ಮುಚ್ಚಿತು. ತೆರೆದಾಗ ಎರಡೂ ಬೆಂದ ಮೀನಿನ ಕಣ್ಣಿನ ಹಾಗೆ ಬೆಳ್ಳಗಿದ್ದವು. ಮೈಯ ಕಲೆಗಳೇನೋ ಸಿಪ್ಪೆ ಸುಲಿದು ಉದುರಿದವು. ಅಷ್ಟು ಒಳ್ಳೆಯ ಹುಡಿ ಅದಕ್ಕಿಂತ ಹಿಂದೆ ಯಾರಿಗೂ ಸಿಕ್ಕಿರಲಿಲ್ಲ ಎನ್ನುತ್ತಾರೆ. ಮೊದಲ ಮಳೆ ಬಿದ್ದ ದಿನ ಬಲಿಯಗೌಡ ಅಂಬಿಗರ ಜೊತೆ ಬಂದ. ಹುಡುಗಿಯ ತೋಳು ಎತ್ತಿ ನೋಡಿದ, ಕೂದಲು ಬಿಡಿಸಿ ನೋಡಿದ. "ಕಲೆ ಇಲ್ಲ. ಕುರ್ವೆಗೆ ಬೇಡ, ಮನೇಲೇ ಇರ್ಲಿ" ಎಂದ. ಮಾಡಿನ ಮೇಲೆ ಮಳೆ ಹೊಡೆಯುತ್ತಿತ್ತು, ನಾಲ್ಕೂ ಕಡೆ ನೀರಿನ ಸದ್ದು. ಸೋಮಿಗೆ ಕುರ್ವೆ ಎಂಬ ಮಾತೊಂದೇ ಕೇಳಿಸಿತು.

"ಕುರ್ವೆಗೆ ಬಂದಾಯ್ತಾ ಅಪ್ಪಾ?"

"ಇಲ್ಲ ಮಗಾ. ಇದು ನಮ್ಮನೆ."

"ಹಾಗಾದ್ರೆ ದೀಪ ಹಚ್ಚು."

ಹೊರಗೆ ನಡುಹಗಲು. ಗೌಡ ಮಳೆಗೆಂದು ತಲೆಗೆ ಎಲೆಯ ಗೊರಬು ಹಾಕಿಕೊಂಡು ಯಾರ ಮುಖವನ್ನೂ ನೋಡದೆ ಇಳಿದುಹೋದ.

ಆಮೇಲೆ ಅವಳಿಗೆ ಮನೆಯನ್ನು ಮನೆ ಎಂದು ನಂಬಿಸಲು ಆಗಲೇ ಇಲ್ಲ. ಬೀಸುಕಲ್ಲು ಮುಟ್ಟಿಸಿದರು, ಹಳೆಯ ಗಡಿಗೆ ಮುಟ್ಟಿಸಿದರು. "ನಂಗೆ ಅಂತ ಇದನ್ನೂ ದೋಣೀಲಿ ತಂದ್ರಾ" ಎಂದು ಕೇಳಿದಳು. ಆಡಲು ಬಂದ ಕೇರಿಯ ಮಕ್ಕಳ ದನಿ ಗುರುತು ಹಿಡಿದು, "ಅಯ್ಯೋ, ನಿಮ್ಗೂ ಕಲೆ ಬಂತಾ?" ಎಂದಳು. ಮಕ್ಕಳು ಹೆದರಿ ಓಡಿದವು. ಅವರ ತಾಯಂದಿರು ಮತ್ತೆ ಅವರನ್ನು ಆ ಕಡೆ ಕಳಿಸಲಿಲ್ಲ. ಮಳೆ ಬಿಟ್ಟ ಮೇಲೆ ಹಮ್ಮು ಕೊನೆಯ ಉಪಾಯ ಮಾಡಿದ. ಈಗ ಕುರ್ವೆಯಿಂದ ಮನೆಗೆ ಹೋಗೂದು ಎಂದು ಹೇಳಿ ಮಗಳನ್ನು ದೋಣಿಯಲ್ಲಿ ಕೂರಿಸಿ, ಹೊಳೆಯ ನಡುವೆ ಬಹಳ ಹೊತ್ತು ಹುಟ್ಟು ಹಾಕಿ, ಕುರ್ವೆಯನ್ನು ಒಂದು ಸುತ್ತು ಬಂದು, ಹತ್ತಿಸಿದ ದಡದಲ್ಲೇ ಇಳಿಸಿದ. ಬೀರಿ ದಡದಲ್ಲಿ ನಿಂತು ಈಗಷ್ಟೇ ಕಂಡವಳ ಹಾಗೆ "ಬಂದ್ಯೇನೇ ನನ್ನ ಬಂಗಾರಾ" ಎಂದು ಕರೆದಳು. ಸೋಮಿ ಕಾಲಿನಿಂದ ಕೆಸರು ಒತ್ತಿ ನೋಡಿದಳು, ಮೂಗಿನಿಂದ ಗಾಳಿ ಎಳೆದು ನೋಡಿದಳು.

"ಸುತ್ತಿಸಿ ಅಲ್ಲಿಗೇ ತಂದೆ, ಅಲ್ದ ಅಪ್ಪಾ?"

ಅವಳು ಹೇಳಿದ್ದು ನಿಜವೇ ಆಗಿತ್ತು. ಹಮ್ಮು ದೋಣಿಯ ಅಂಚು ಹಿಡಿದು ನೀರಲ್ಲೇ ನಿಂತ.

ಇಲ್ಲಿಂದ ಮುಂದೆ ದೇವಿ ಪ್ರತ್ಯಕ್ಷಳಾಗಿ ಕಣ್ಣು ಕೊಟ್ಟಳೆಂದು ಆಚೆ ದಡದವರು ಕತೆ ಕಟ್ಟುತ್ತಾರೆ. ಹೊಳೆಯನ್ನೇ ಹಿಂದಕ್ಕೆ ಹರಿಸಿದ ನನಗೆ ಒಬ್ಬ ದೇವಿಯನ್ನು ಕರೆಸುವುದು ದೊಡ್ಡ ಕೆಲಸವಲ್ಲ. ಆದರೆ ಅವಳು ಬರಲಿಲ್ಲ. ಸೋಮಿ ತನ್ನ ಮನೆಯಲ್ಲೇ ದೊಡ್ಡವಳಾಗಿ, ಮುದುಕಿಯಾಗಿ, ಕುರ್ವೆಯಲ್ಲಿದ್ದೇನೆ ಎಂದುಕೊಂಡೇ ಸತ್ತಳು. ಬೀರಿ ಬದುಕಿರುವಷ್ಟು ಕಾಲ ಗುಡ್ಡ ಹತ್ತಿ ಮರದ ಬುಡದ ಹತ್ತಿರ ಕೂರುತ್ತಿದ್ದಳು. ಕಣ್ಣಲ್ಲಿ ನೀರು ಇಳಿಯುತ್ತಿತ್ತು, ಕೈ ಎರಡೂ ಮೊಣಕಾಲಿನ ಮೇಲೆ. ಕರೆದೊಯ್ಯಲು ಬಂದ ಹೆಂಗಸರು ಅವಳ ಪಕ್ಕ ಕೂತು ಅತ್ತರು, ಅವಳ ಎದುರಿಗೆ ಕಣ್ಣೊರಸಿಕೊಳ್ಳಲು ಅವರಿಗೂ ಕೈ ಬರಲಿಲ್ಲ. ಅಲ್ಲಿಂದ ಗುಡ್ಡಕ್ಕೆ ಈ ಹೆಸರು ಬಂತು.

ಈಗ ಹುಡಿಮರ ಒಂದೂ ಇಲ್ಲ, ಅದರ ಬೀಜ ಹೇಗಿತ್ತೆಂದು ಹೇಳುವವರೂ ಇಲ್ಲ. ಬುಡ ಕೊಳೆತು ತಗ್ಗಾಗಿದೆ. ಅಲ್ಲಿ ನಿಂತರೆ ಕೆಳಗೆ ಹೊಳೆಯೂ, ಉಪ್ಪುನೀರಿನ ಕಾಂಡ್ಲಾ ಗಿಡ ಬೆಳೆದ ಕುರ್ವೆಯೂ ಕಾಣುತ್ತವೆ. ಬೈಲಕೇರಿಯಿಂದ ಆಚೆ ಊರಿಗೆ ಇಂದಿಗೂ ಇದೇ ಕಾಲುದಾರಿ. ಹೆಣ್ಣನ್ನು ಗಂಡನ ಮನೆಗೆ ಕಳಿಸುವವರು, ಸಾವಿಗೆ ಹೋಗಿ ಬರುವವರು ಎಲ್ಲ ಇದನ್ನೇ ಹತ್ತಿ ಇಳಿಯುತ್ತಾರೆ. ಅವರ ಮುಖ ಒದ್ದೆಯಾಗಿರುತ್ತದೆ, ಕೈ ಮೇಲೇಳುವುದಿಲ್ಲ. ಒಮ್ಮೊಮ್ಮೆ ಅಲ್ಲಿ ಎಡವಿ ಬಿದ್ದ ಮಗುವೊಂದು ಅಳುತ್ತಿರುತ್ತದೆ, ತಾಯಿ ಎದುರಿಗೇ ಕುಕ್ಕರುಗಾಲಲ್ಲಿ ಕೂತು, ತನ್ನ ಎರಡೂ ಕೈ ಬೆನ್ನ ಹಿಂದೆ ಕಟ್ಟಿಕೊಂಡು, ಮಗುವಿನ ಕಣ್ಣೀರು ಗಾಳಿಗೆ ಒಣಗುವುದನ್ನು ನೋಡುತ್ತಿರುತ್ತಾಳೆ. ಕಲ್ಲುಮನಸ್ಸಿನವಳು ಎಂದು ಪೇಟೆಯಿಂದ ಬಂದವರು ಅಂದುಕೊಳ್ಳುತ್ತಾರೆ. ಕೆಲವರು ಕರವಸ್ತ್ರ ತೆಗೆದು ಮುಂದೆ ಬರುವುದೂ ಉಂಟು. ಆಗ ತಾಯಿ ಎದ್ದು ಅವರಿಗೂ ಮಗುವಿಗೂ ನಡುವೆ ನಿಲ್ಲುತ್ತಾಳೆ.