ಹೊಸ್ತಿಲ ಪಾದದ ಅಳತೆ

“ಗುರುಗಳೇ, ನಾನು ಮೆಚ್ಚಿದ ಹುಡುಗಿಯ ಮನೆಗೆ ನಾಳೆಯೇ ಹೋಗಿ ಮದುವೆಗೆ ಕೇಳಬೇಕೆಂದಿದ್ದೇನೆ. ಅವಳಲ್ಲಿ ಒಂದು ಕೊರತೆಯೂ ನನಗೆ ಕಾಣುವುದಿಲ್ಲ. ಇನ್ನು ತಿಳಿಯುವುದೇನಾದರೂ ಉಳಿದಿದೆಯೇ?”

ಶಿಷ್ಯ ಓಡುತ್ತಲೇ ಬಂದಿದ್ದ. ಗುರುಗಳು ಅವನನ್ನು ಕೂರಿಸಿ, ಏದುಸಿರು ಇಳಿಯುವವರೆಗೆ ಕಾದು, ಕತೆ ಹೇಳಿದರು.

ಚಪ್ಪಲಿ ಹೊಲಿಯುವ ಯುವಕನೊಬ್ಬನಿದ್ದ. ಅವನ ಅಂಗಡಿಯ ಮುಂದೆ ಕುಂಬಾರರ ಹುಡುಗಿಯೊಬ್ಬಳು ದಿನವೂ ಕೆರೆಯ ಮಣ್ಣು ಹೊತ್ತು ಬರಿಗಾಲಲ್ಲಿ ಹೋಗುತ್ತಿದ್ದಳು. ಅವಳ ಮುಖ ಕಂಡೊಡನೆ ಅವನ ಕೈಯ ಸೂಜಿ ಬೆರಳಿಗೆ ಚುಚ್ಚುತ್ತಿತ್ತು. ಅವಳಿಗೊಂದು ಜೊತೆ ಚಪ್ಪಲಿ ಕೊಟ್ಟು, ಆಗಲೇ ಮನಸ್ಸಿನ ಮಾತನ್ನೂ ಹೇಳಿಬಿಡಬೇಕೆಂದು ಅವನು ನಿಶ್ಚಯಿಸಿದ.

ಚಪ್ಪಲಿ ಬೇಕೆಂದವರು ತೊಗಲಿನ ಮೇಲೆ ಕಾಲಿಡಬೇಕು. ಹೊಲಿಯುವವನು ಇದ್ದಿಲಿನಿಂದ ಸುತ್ತ ಗೆರೆ ಎಳೆಯಬೇಕು. ಯಾರು ಬಂದರೂ ಅವನು ಹಾಗೆಯೇ ಮಾಡುತ್ತಿದ್ದ. ಇವಳನ್ನು ಮಾತ್ರ ಹಾಗೆ ಕೇಳಲು ಮನಸ್ಸು ಬರಲಿಲ್ಲ. ಹಬ್ಬದ ದಿನ ಅವಳ ಮನೆಯ ಹೊಸ್ತಿಲ ಬಳಿ, ಅವಳೇ ಬರೆದ ಲಕ್ಷ್ಮಿಯ ಪಾದಗಳ ರಂಗೋಲಿ ಕಂಡಿತು. ಬರೆದವಳ ಪಾದವೂ ಹೀಗೇ ಇದ್ದೀತು ಎಂದು ಹಿಗ್ಗಿದ. ದಾರ ಹಿಡಿದು ಅದರ ಅಳತೆ ತೆಗೆದುಕೊಂಡ. ಮೂರು ದಿನ ಹಾಡಿಕೊಳ್ಳುತ್ತ ಹೊಲಿದ. ಊಟಕ್ಕೆ ಕರೆದ ತಾಯಿಯನ್ನು, ಈಗ ತಾನೇ ಉಂಡೆನಲ್ಲ ಎಂದು ಎರಡು ಸಲ ಹಿಂದಕ್ಕೆ ಕಳಿಸಿದ.

ನಾಲ್ಕನೆಯ ದಿನ ಚಪ್ಪಲಿಗಳನ್ನು ಎದೆಗೊತ್ತಿಕೊಂಡು ಅವಳ ಅಂಗಳಕ್ಕೇ ಹೋದ. ಮಣ್ಣು ತುಳಿಯುತ್ತಿದ್ದವಳು ಕಾಲು ತೊಳೆದು ಬಂದಳು. ಅವಳ ಕಣ್ಣೂ ಅರಳಿತ್ತು. ಕಾಲಿಟ್ಟಳು. ಹಿಮ್ಮಡಿ ಪೂರ್ತಿ ಹೊರಗೇ ಉಳಿಯಿತು.

“ಯಾರ ಕಾಲಿನ ಅಳತೆ ಮಾರಾಯ ಇದು?” ಎಂದು ನಕ್ಕಳು.

ಅವನು ಹೊಸ್ತಿಲ ಬಳಿ ಅಳಿಸಿಹೋಗುತ್ತಿದ್ದ ರಂಗೋಲಿಯತ್ತ ಕೈ ತೋರಿಸಿದ.

ಅವಳ ನಗು ನಿಂತಿತು. “ಲಕ್ಷ್ಮಿ ಮಣ್ಣು ತುಳಿಯುವುದಿಲ್ಲ, ನಾನು ತುಳಿಯುತ್ತೇನೆ. ಹಿಮ್ಮಡಿ ಒಡೆದು ಎಂಟು ದಿನವಾಯಿತು. ನಿನ್ನ ಅಂಗಡಿಯ ಮುಂದೆಯೇ ಕುಂಟಿಕೊಂಡು ಹೋಗುತ್ತಿದ್ದೇನೆ. ನೀನು ದಿನಾ ನೋಡುತ್ತಲೇ ಇದ್ದೆಯಲ್ಲ.”

ಊರಿನವರ ಕಾಲನ್ನೆಲ್ಲ ಬಲ್ಲ ಆ ಯುವಕ ತಲೆ ತಗ್ಗಿಸಿದ. ಅವಳ ಕಾಲನ್ನು ಅವನು ಮೊದಲ ಸಲ ನೋಡಿದ್ದು ಆಗಲೇ.

ಗುರುಗಳು ಅಲ್ಲಿಗೆ ನಿಲ್ಲಿಸಿದರು. ಶಿಷ್ಯನಿಗೆ ತಡೆಯಲಾಗಲಿಲ್ಲ. ಆಮೇಲೆ ಅವನು ಬೇರೆ ಚಪ್ಪಲಿ ಹೊಲಿದನೇ, ಅವಳು ಒಪ್ಪಿದಳೇ ಎಂದು ಒಂದೇ ಉಸಿರಿಗೆ ಕೇಳಿದ.

“ಅದಿರಲಿ, ನಿನ್ನವಳಿಗೆ ಎಲ್ಲಿ ನೋವಿದೆ, ಹೇಳು,” ಎಂದರು ಗುರುಗಳು.