ಕೆರೆದು ಹಾಕಿದ ಹೆಸರು

"ಕೇಳ್ರಪ್ಪೋ ಕೇಳಿ! ಯಜಮಾನಿ ಹೆಂಡ್ರಿಕಾ ಅವರ ಅಪ್ಪಣೆ! ಅವರ ಮೊಮ್ಮಕ್ಕಳೆಂದು ಹೇಳಿಕೊಳ್ಳುವವರು ಬಂದು ಮೂರು ಒಗಟು ಬಿಡಿಸಬೇಕು. ಬಿಡಿಸಿದವರಿಗೆ ಮನೆ, ಹೊಲ. ತಪ್ಪಿದವರಿಗೆ ನೇಣು!" ಎಂದು ಡಂಗುರದವನು ಸಾರಿದ.

ಅಮೆರಿಕದಲ್ಲಿ ಹಡಗಿನಿಂದ ಇಳಿದವರು ಇನ್ನೂ ಮರ ಕಡಿದು ಮನೆ ಕಟ್ಟುತ್ತಿದ್ದ ಕಾಲ ಅದು. ನದಿಯ ಈ ದಡದಲ್ಲೆಲ್ಲ ಹಾಲೆಂಡಿನಿಂದ ಬಂದ ಹೆಂಡ್ರಿಕಾಳದೇ ದರ್ಬಾರು. ಇದ್ದೊಬ್ಬ ಮಗಳು ಮನೆ ಬಿಟ್ಟು ಹೋದ ಮೇಲೆ ಮುದುಕಿಗೆ ಯಾರ ಮೇಲೂ ನಂಬಿಕೆಯಿಲ್ಲ. ಅಡುಗೆಯವಳು ರುಚಿ ನೋಡಿದ ಮೇಲೇ ಇವಳು ಉಣ್ಣುವುದು. ನಾನಾಗಿದ್ದರೆ ಆ ಮನೆಯಲ್ಲಿ ನೀರೂ ಕುಡಿಯುತ್ತಿರಲಿಲ್ಲ ಬಿಡಿ.

ಬೆಳ್ಳಿ ಗುಂಡಿಯ ಕೋಟಿನವನೊಬ್ಬ, ಉದ್ದನೆಯ ವಂಶಾವಳಿ ಹಿಡಿದವನೊಬ್ಬ ದೂರದೂರಿನಿಂದ ಬಂದರು.

"ಒಂದು ಹೆಸರು ಮೂರು ಸಲ ಹುಟ್ಟಿತು. ಎರಡು ಸಲ ಮಣ್ಣಿಗೆ ಹೋಯಿತು, ಮೂರನೆಯ ಸಲ ಉಂಡು ಬೆಳೆಯಿತು. ಏನದು?" ಎಂದಳು ಹೆಂಡ್ರಿಕಾ.

"ಚಂದ್ರ" ಎಂದ ಕೋಟಿನವನು. "ಜೋಳ" ಎಂದ ಇನ್ನೊಬ್ಬ. ನೇಣಿಗೇರಿಸುವವರೆಗೆ ಇರಲಿ ಎಂದು ಇಬ್ಬರನ್ನೂ ನೆಲಮಾಳಿಗೆಗೆ ದಬ್ಬಿದರು.

ಆಮೇಲೆ ಬಂದವಳು ಲೆಯಾ, ಬುಟ್ಟಿ ಹೆಣೆದು ಮಾರುವವಳು. ಅವಳ ಅಪ್ಪ ಹಡಗುಗಳು ಬರುವ ಮೊದಲೇ ಈ ನೆಲದಲ್ಲಿದ್ದ ಜನದವನು. ಅವಳ ಮುಖ ನೋಡಿ ಮುದುಕಿ ಹುಬ್ಬು ಗಂಟಿಕ್ಕಿದಳು.

"ಯಾರು ಕಳಿಸಿದರು ನಿನ್ನನ್ನು?"

"ಯಾರೂ ಇಲ್ಲ ಅಮ್ಮಾವ್ರೇ. ಅಪ್ಪ ಮೊದಲೇ ಹೋದ, ಈಗ ಅಮ್ಮನೂ ತೀರಿಕೊಂಡಳು. ನಾನು ಯಾರ ಮನೆಯವಳು ಅಂತ ಹೇಳುವವರು ಇನ್ನು ನೀವೊಬ್ಬರೇ. ನಿಮ್ಮ ಒಗಟನ್ನು ಹೊರಗೆ ನಿಂತು ಕೇಳಿಸಿಕೊಂಡೆ. ಆ ಹೆಸರು ಮಾರಿಕೆ. ಮೊದಲ ಮಾರಿಕೆ ಸತ್ತಾಗ ಎರಡನೆಯ ಮಗಳಿಗೂ ಅದೇ ಹೆಸರಿಟ್ಟಿರಿ. ಅವಳೂ ಹೋದಳು. ಮೂರನೆಯವಳು ನನ್ನಮ್ಮ. ಗೋರಿಗಳ ಮೇಲೆ ತನ್ನ ಹೆಸರನ್ನೇ ಓದಿ ಅಕ್ಷರ ಕಲಿತಳಂತೆ."

"ಓಹೋ, ಗೋರಿ ನೋಡಿಕೊಂಡೇ ಬಂದಿದ್ದೀಯ! ಇದನ್ನು ಹೇಳು. ಮನೆಗೆ ಬಂದವರೂ ಹೋದವರೂ ಒಂದೇ ಕೋಣೆಯಲ್ಲಿದ್ದಾರೆ. ಕೋಣೆಗೆ ಗೋಡೆಯಿಲ್ಲ, ಮುಚ್ಚಿದರೆ ಕಂಕುಳಲ್ಲಿ ಹಿಡಿಯುತ್ತದೆ."

"ಮನೆಯ ಬೈಬಲ್. ಹುಟ್ಟು ಸಾವು ಬರೆದಿಡುವುದು ಅದರ ಮೊದಲ ಹಾಳೆಯಲ್ಲೇ ಅಲ್ಲವೇ?"

ಮುದುಕಿ ಬೈಬಲ್ ತೆರೆದಳು. ಮೂರನೆಯ ಮಾರಿಕೆ ಇರಬೇಕಾದಲ್ಲಿ ತೂತು ಬಿದ್ದಿತ್ತು. "ಹಲ್ಲಿಲ್ಲದ ಹುಳವೊಂದು ಒಂದೇ ಹೆಸರು ತಿಂದಿತು. ಇನ್ನೂ ಈ ಮನೆಯಲ್ಲೇ ಇದೆ. ಎಲ್ಲಿ?"

ಲೆಯಾ ಬಾಗಿಲ ಕಡೆ ತಿರುಗಿ ನೋಡಿದಳು. ಬಾಗಿಲಾಚೆ ನೇಣಿನ ಹಗ್ಗ ಕಾಣುತ್ತಿತ್ತು.

"ಆ ಹುಳ ನೀವೇ. ಅಮ್ಮ ಅಪ್ಪನನ್ನು ಮದುವೆಯಾಗುತ್ತೇನೆ ಅಂದ ದಿನ ಚಾಕುವಿನಿಂದ ಕೆರೆದಿರಿ. ಅವಳು ಬಾಗಿಲ ಸಂದಿಯಿಂದ ನೋಡಿದಳು."

ಅಯ್ಯೋ, ಆ ಕಲ್ಲುಮನಸ್ಸಿನ ಮುದುಕಿ ಅತ್ತೇಬಿಟ್ಟಳು! "ಹೌದು ಕಣೇ, ನಾನೇ ಪಾಪಿ. ಊರಿಗೆಲ್ಲ ಇಲಿ ತಿಂದಿತು ಅಂದೆ. ನಿಜ ಗೊತ್ತಿದ್ದವಳು ಅವಳೊಬ್ಬಳೇ, ನೀನು ಅವಳ ಮಗಳೇ ಸರಿ."

ನೆಲಮಾಳಿಗೆಯ ಇಬ್ಬರನ್ನೂ ಬಿಡಿಸಿದಳು. ಬೀಗದ ಕೈಗೊಂಚಲನ್ನು ಲೆಯಾಳ ಸೊಂಟಕ್ಕೆ ಸಿಕ್ಕಿಸಿದಳು. ತೂತಿನ ಪಕ್ಕದಲ್ಲಿ ಮಾರಿಕೆ ಎಂದು ಬರೆದು, ಕೆಳಗೆ ಲೆಯಾ ಎಂದು ಬರೆಯಹೊರಟಳು.

"ನಡುವೆ ಜಾಗ ಬಿಡಿ ಅಜ್ಜಿ. ಅಪ್ಪನ ಹೆಸರೂ ಬರಬೇಕು."

ಮುದುಕಿಯ ಲೇಖನಿ ನಿಂತಿತು. "ನನಗೆ ಅದು ಗೊತ್ತಿಲ್ಲವಲ್ಲೇ. ಒಂದು ದಿನವೂ ಕೇಳಲಿಲ್ಲ."

ಲೆಯಾ ಹೇಳಿದಳು. ಮುದುಕಿಗೆ ನಾಲಿಗೆ ತಿರುಗಲಿಲ್ಲ. ಮತ್ತೊಮ್ಮೆ ಹೇಳಿಸಿಕೊಂಡು, ನಿಧಾನವಾಗಿ ಬರೆದಳು.