ಎಲುಬು ಕಟ್ಟುತ್ತಿದ್ದ ಮಾಳಿಂಗಪ್ಪ

ನಮ್ಮ ಅಜ್ಜನ ಅಜ್ಜನೂ ಹುಟ್ಟಿರದ ಕಾಲದಲ್ಲಿ, ಈ ಕಲ್ಲುಗುಡ್ಡಗಳ ನಡುವೆ ಒಂದೂರು. ಆ ಊರಲ್ಲಿ ಮಾಳಿಂಗಪ್ಪ ಅಂತ ಒಬ್ಬ ಕುರಿ ಕಾಯುವವನಿದ್ದನಂತೆ. ಆಗೆಲ್ಲ ಕಾಲು ಮುರಿದವರ ಬದುಕು ಅಲ್ಲಿಗೇ ಮುಗಿಯಿತು, ಮೂಲೆಯಲ್ಲಿ ಚಾಪೆ ಹಾಸಿ ಕೂರಿಸುವುದೇ. ಕುರಿಯ ಕಾಲು ಮುರಿದರೆ ಅವತ್ತೇ ಕೊಯ್ಯುವುದು.

ಮಾಳಿಂಗಪ್ಪನಿಗೆ ಒಂದು ಮರಿಯನ್ನು ಕೊಯ್ಯಲು ಮನಸ್ಸು ಬರಲಿಲ್ಲವಂತೆ. ಮುರಿದ ಕಾಲನ್ನು ನೇರ ಮಾಡಿ, ಮಂಗರಬಳ್ಳಿ ಅರೆದು ಹಚ್ಚಿ, ಮೊಟ್ಟೆಯ ಬಿಳಿಯಲ್ಲಿ ಉದ್ದಿನ ಹಿಟ್ಟು ಕಲಸಿ ಬಟ್ಟೆಗೆ ಬಳಿದು ಸುತ್ತಿ, ಬಿದಿರಿನ ದಬ್ಬೆ ಕಟ್ಟಿದ. ತಿಂಗಳಿಗೆ ಮರಿ ಕುಣಿಯಿತು. ಅದನ್ನು ಕಂಡ ಮುದುಕಿಯೊಬ್ಬಳು ಮುರಿದ ತನ್ನ ಕೈಯನ್ನೂ ಚಾಚಿದಳು. ಆಮೇಲೆ ಊರೂರಿನಿಂದ ಜನ ಬಂದರು. ಕಂಬಳಿಯ ಮೇಲಿಂದ ಮುಟ್ಟಿದರೂ ಎಲುಬು ಎಲ್ಲಿ ಬಿಟ್ಟಿದೆ ಅಂತ ಹೇಳುತ್ತಿದ್ದನಂತೆ. ಕಾಲು ಮುರಿದ ತೋಳವೊಂದು ಹಟ್ಟಿಗೆ ಬಂದು ಅವನ ಮುಂದೆ ಮಲಗಿತಂತೆ, ಅದಕ್ಕೂ ಕಟ್ಟಿ ಕಳಿಸಿದನಂತೆ. ಅಲ್ಲಿಂದ ಮುಂದೆ ಅವನ ಹಿಂಡಿಗೆ ತೋಳ ಬೀಳಲಿಲ್ಲ ಅಂತಾರೆ. ನಾನಂತೂ ನೋಡಿಲ್ಲ. ಬಂದವರಿಗೆಲ್ಲ ಅವನು ಹೇಳುತ್ತಿದ್ದದ್ದು ಒಂದೇ ಮಾತು: "ನಡೀತಿ ಬಿಡು."

ಒಂದು ಸುಗ್ಗಿಯಲ್ಲಿ ಅವನ ಹೆಂಡತಿ ಹೊನ್ನವ್ವ ಬಣವೆ ಮೇಲಿಂದ ಬಿದ್ದಳು. ಕಲ್ಲಿಗೆ ಬೆನ್ನು ಬಡಿಯಿತು. ಮಾಳಿಂಗಪ್ಪ ಓಡಿ ಬಂದು ಬೆನ್ನಿನ ಉದ್ದಕ್ಕೂ ಕೈಯಾಡಿಸಿದ. ಕೈ ಒಂದು ಕಡೆ ನಿಂತುಬಿಟ್ಟಿತು. ಕಾಲು ಚಿವುಟಿದ, ಅವಳಿಗೆ ಗೊತ್ತಾಗಲಿಲ್ಲ. ಸುತ್ತ ನಿಂತವರು ಬಳ್ಳಿ ತರಲಾ, ದಬ್ಬೆ ಸೀಳಲಾ ಅಂತ ಕೇಳುತ್ತಿದ್ದರು. ಅವನು ಇನ್ನೊಂದು ಸಲ ಕಾಲು ಚಿವುಟಿದ.

"ನಡೀತಿ ಅಂತ ಎಲ್ಲಾರಿಗೂ ಹೇಳ್ತೀರಿ, ನನಗ್ಯಾಕ ಹೇಳವಲ್ರಿ?" ಅಂದಳಂತೆ ಹೊನ್ನವ್ವ.

"ಇದು ನನ್ನ ಕೈಲಿ ಆಗೂದಲ್ಲ, ಹೊನ್ನಿ," ಅಂದನಂತೆ. ಅಂದು, ಅವಳ ಪಾದ ಹಿಡಿದುಕೊಂಡು ಅತ್ತನಂತೆ. ಹಿಡಿದದ್ದೂ ಅವಳಿಗೆ ತಿಳಿಯಲಿಲ್ಲ.

ಅವತ್ತಿನಿಂದ ಅವನು ಯಾರನ್ನೂ ಮುಟ್ಟಲಿಲ್ಲ. ಬಂದವರು ಬಾಗಿಲಲ್ಲೇ ಕೂತು ತಿರುಗಿ ಹೋದರು. ಒಂದು ದಿನ, ತೊಡೆ ಮುರಿದಿದ್ದ ಕಲ್ಲು ಒಡೆಯುವವನೊಬ್ಬನನ್ನು ಹೊತ್ತು ತಂದರು. ಮಾಳಿಂಗಪ್ಪ ಮುಖ ತಿರುಗಿಸಿದ. ಒಳಗಿಂದ ಹೊನ್ನವ್ವ ಕೂಗಿದಳಂತೆ: "ಕಟ್ರಿ ಅವಗ. ಎದ್ದ ಮ್ಯಾಲ ನನ್ನ ಮುಂದ ನಡದು ಹೋಗ್ಲಿ. ನಾ ನೋಡಬೇಕು."

ಕಟ್ಟಿದ. ದಬ್ಬೆ ಬಿಚ್ಚಿದ ದಿನ ಅವಳನ್ನು ಎತ್ತಿ ತಂದು ಬೇವಿನ ನೆರಳಲ್ಲಿ ಕೂರಿಸಿದ. ಆ ಮನುಷ್ಯ ಕೋಲೂರಿಕೊಂಡು ಅವಳ ಮುಂದೆ ನಡೆದ. ಅವಳು ರೆಪ್ಪೆ ಬಡಿಯದೆ ನೋಡಿದಳಂತೆ. ಅಲ್ಲಿಂದ ಮೂರು ವರ್ಷ, ಕಾಲು ವಾಸಿಯಾದವರೆಲ್ಲ ಹಾಗೇ ನಡೆದರು. ತೂರಾಡಿದವರಿಗೆ, "ಅಂಜಬ್ಯಾಡ, ಇನ್ನೊಂದು ಹೆಜ್ಜಿ," ಅನ್ನುತ್ತಿದ್ದಳಂತೆ. ನೋಡುವಾಗ ನಗುತ್ತಿದ್ದಳು ಅಂತಾರೆ. ಒಳಗೆ ಎತ್ತಿಕೊಂಡು ಹೋದ ಮೇಲೆ ಏನು ಮಾಡುತ್ತಿದ್ದಳೋ, ಅದನ್ನು ಮಾಳಿಂಗಪ್ಪ ಯಾರಿಗೂ ಹೇಳಲಿಲ್ಲ.

ಅವಳು ತೀರಿಹೋದಳು. ಅವನು ಇನ್ನೂ ಬಹಳ ವರ್ಷ ಬದುಕಿದ, ಕೈ ನಡುಗುವವರೆಗೂ ಕಟ್ಟಿದ. ವಾಸಿಯಾದವರು ಅದೇ ಬೇವಿನ ಮುಂದೆ ನಡೆಯುವಾಗ ತಾನು ಮಾತ್ರ ಬೆನ್ನು ಮಾಡಿ ಕೂರುತ್ತಿದ್ದನಂತೆ. ಕೊನೆಗೆ ಅವನನ್ನೂ ಆ ಬೇವಿನ ಬುಡದಲ್ಲಿ ಅವಳ ಪಕ್ಕದಲ್ಲೇ ಮಣ್ಣು ಮಾಡಿ, ಇಬ್ಬರಿಗೂ ಒಂದೊಂದು ಕಲ್ಲು ನೆಟ್ಟರು.

ಈಗಲೂ ನಮ್ಮ ಕಡೆ ಕಾಲು ಮುರಿದು ವಾಸಿಯಾದವರು, ಪಟ್ಟಣದ ಆಸ್ಪತ್ರೆಯಲ್ಲಿ ಪಟ್ಟಿ ಹಾಕಿಸಿಕೊಂಡವರೂ, ಮೊದಲು ಅಲ್ಲಿಗೆ ಬರುತ್ತಾರೆ. ಕಾಯಿ ಒಡೆಯುವುದಿಲ್ಲ, ಹೂ ಏರಿಸುವುದಿಲ್ಲ. ಮಾಳಿಂಗಪ್ಪನ ಕಲ್ಲಿಗೆ ಕೈ ಮುಗಿದು, ಹೊನ್ನವ್ವನ ಕಲ್ಲಿನ ಮುಂದೆ ನಿಧಾನಕ್ಕೆ ನಡೆದು ಹೋಗುತ್ತಾರೆ. ಅವಳು ನೋಡುತ್ತಿರುತ್ತಾಳೆ, ತಿರುಗಿ ನೋಡಬಾರದು ಅಂತಾರೆ.